ಮೂರನೆಯ ಸರ್ಟಿಫಿಕೇಟು

ಚಾಮರಾಜಪೇಟೆಯ ಡಾಕ್ಟರ್ ಶ್ರೀನಿವಾಸಯ್ಯನವರಿಗೆ ಯಾರಿಗೂ ‘ಆಗಲ್ಲ’ ಎನ್ನಲು ಬರುತ್ತಿರಲಿಲ್ಲ. ರಜೆ ಬೇಕಾದ ಗುಮಾಸ್ತರು, ತಂಗಿಯ ಮದುವೆಗೆ ಊರಿಗೆ ಹೋಗಬೇಕಾದ ಗಿರಣಿ ಕೆಲಸಗಾರರು, ಪರೀಕ್ಷೆಗೆ ಓದದ ಕಾಲೇಜು ಹುಡುಗಿಯರು, ಎಲ್ಲರೂ ಅವರ ಹತ್ತಿರ ಬರುತ್ತಿದ್ದರು. “ಮೂರು ದಿನ ಜ್ವರ ಅಂತ ಒಂದು ಬರ್ಕೊಡಿ ಡಾಕ್ಟ್ರೇ” ಎಂದರೆ ಕನ್ನಡಕದ ಮೇಲಿಂದ ಒಮ್ಮೆ ನೋಡಿ, ನಕ್ಕು, ಬರೆದುಕೊಡುತ್ತಿದ್ದರು. ಇಪ್ಪತ್ತಾರು ವರ್ಷ ಹಾಗೆಯೇ ನಡೆದಿತ್ತು. ಅದರಿಂದ ಯಾರಿಗೂ ಕೆಡುಕಾದದ್ದು ಅವರ ಗಮನಕ್ಕೆ ಬಂದಿರಲಿಲ್ಲ.

ಲಾಲ್‌ಬಾಗಿನಲ್ಲಿ ಮಾಲಿಯಾಗಿದ್ದವರ ಮಗ ಅವರು. ಆ ಮನೆತನದಲ್ಲಿ ಹೈಸ್ಕೂಲಿನ ಮೆಟ್ಟಿಲು ಹತ್ತಿದವರೇ ಅವರು ಮೊದಲು. ಎಲ್.ಎಂ.ಪಿ. ವೈದ್ಯಕೀಯ ಪರೀಕ್ಷೆ ಪಾಸಾಗಿ ಮನೆಗೆ ಬಂದ ದಿನ ತಾಯಿ ಅವರ ಸ್ಟೆತಾಸ್ಕೋಪನ್ನು ಮುಟ್ಟಿ ಕಣ್ಣಿಗೊತ್ತಿಕೊಂಡಿದ್ದರು. ಆದರೆ ೧೯೫೨ರಲ್ಲಿ ತಮ್ಮದೇ ಡಾಕ್ಟರ್ ಷಾಪು ಇಡಲು ಜಾಗ ಹುಡುಕಿಕೊಂಡು ಚಾಮರಾಜಪೇಟೆಯ ಬೀದಿಗಳಲ್ಲಿ ತಿರುಗಿದಾಗ, ಮನೆ ಮಾಲೀಕರು ಮೊದಲು ಹೆಸರು ಕೇಳುತ್ತಿದ್ದರು, ಆಮೇಲೆ ಊರು ಕೇಳುತ್ತಿದ್ದರು, ಕೊನೆಗೆ ಯಾವ ಜನ ಎಂದು ಕೇಳಿ, “ನಮ್ಮ ಸಂಬಂಧಿಕರಿಗೆ ಬೇಕಂತೆ” ಎಂದು ಬಾಗಿಲು ಹಾಕಿಕೊಳ್ಳುತ್ತಿದ್ದರು. ಒಂದು ಸಂಜೆ ದೊಡ್ಡಬೈರಪ್ಪ ಎಂಬ ಜಮೀನುದಾರರು ತಮ್ಮ ಕಟ್ಟಡದ ಮುಂದಿನ ಕೋಣೆಯ ಬೀಗದ ಕೈಯನ್ನು ಅವರ ಕೈಗೆ ಹಾಕಿದರು. “ಔಷಧಿ ಕುಡಿಯೋವಾಗ ಯಾವನೂ ಜಾತಿ ಕೇಳಲ್ಲ. ನೀವು ಕೂತ್ಕೊಳ್ಳಿ ಡಾಕ್ಟ್ರೇ” ಎಂದರು. ಅವರ ಹೆಂಡತಿ ತಿಮ್ಮಕ್ಕ ಒಳಗಿಂದ ತಾವೇ ಮಜ್ಜಿಗೆ ತಂದುಕೊಟ್ಟರು.

ದೊಡ್ಡಬೈರಪ್ಪ ತೀರಿಹೋದ ಮೇಲೆ ತಿಮ್ಮಕ್ಕ ನೆಲಮಂಗಲದ ಹತ್ತಿರದ ಊರಿಗೆ ಹೋಗಿ ನೆಲೆಸಿದರು. ಕಟ್ಟಡ ಮಗ ಮಾಯಣ್ಣನ ಕೈಗೆ ಬಂತು. ಮಾಯಣ್ಣನ ದಡಾರಕ್ಕೆ, ಮುರಿದ ಮೊಣಕೈಗೆ, ಎಲ್ಲಕ್ಕೂ ಔಷಧಿ ಕೊಟ್ಟವರು ಶ್ರೀನಿವಾಸಯ್ಯನವರೇ. ಆದರೂ ಅವನನ್ನು ಎಂದೂ ಏಕವಚನದಲ್ಲಿ ಕರೆದವರಲ್ಲ.

ಈ ಮಾಯಣ್ಣನಿಗೂ ಅವನ ಹೆಂಡತಿ ಗೋದಾಗೂ ೧೯೭೭ರಲ್ಲಿ ಮನಸ್ಸು ಮುರಿಯಿತು. ಗೋದಾ ವೈಯಾಲಿಕಾವಲ್‌ನಲ್ಲಿದ್ದ ಅಣ್ಣನ ಮನೆಗೆ ಹೋಗಿ, ಒಂದು ಸಣ್ಣ ಖಾಸಗಿ ಶಾಲೆಯಲ್ಲಿ ಪಾಠ ಹೇಳಿಕೊಂಡು ಇದ್ದಳು. ಎಂಟು ವರ್ಷದ ಮಗಳು ಮಂಗಳಾಳನ್ನು ಮಾಯಣ್ಣ ಬಿಟ್ಟುಕೊಡಲಿಲ್ಲ. ಮಗು ಯಾರ ಹತ್ತಿರ ಇರಬೇಕು ಎಂಬ ವ್ಯಾಜ್ಯ ಕೋರ್ಟಿಗೆ ಹೋಯಿತು. ತೀರ್ಪು ಬರುವ ತನಕ ಪ್ರತಿ ಭಾನುವಾರ ಬೆಳಿಗ್ಗೆ ಹತ್ತರಿಂದ ಸಂಜೆ ಐದರವರೆಗೆ ಮಗುವನ್ನು ತಾಯಿಯ ಹತ್ತಿರ ಬಿಡಬೇಕು ಎಂದು ೧೯೭೮ರ ಮೇ ತಿಂಗಳಲ್ಲಿ ಆದೇಶವಾಯಿತು.

ಜೂನ್ ಎರಡನೆಯ ವಾರ ಮಾಯಣ್ಣ ಮಗಳನ್ನು ಷಾಪಿಗೆ ಕರೆತಂದ. ಹುಡುಗಿಗೆ ನಿಜವಾಗಿಯೂ ನೆಗಡಿಯಾಗಿತ್ತು, ಮೈ ಸ್ವಲ್ಪ ಬೆಚ್ಚಗಿತ್ತು. “ಈ ಭಾನುವಾರ ಹೊರಗೆ ಕಳಿಸೋ ಹಾಗಿಲ್ಲ ಅಂತ ಬರ್ಕೊಡಿ” ಎಂದ. ಬರೆದುಕೊಟ್ಟರು. ಎರಡು ವಾರ ಬಿಟ್ಟು ಮತ್ತೆ ಬಂದ. ನೆಗಡಿ ಹೋಗಿತ್ತು. “ಇನ್ನೆರಡು ವಾರ ಬರೀರಿ, ಕೆಮ್ಮು ಅಂತ” ಎಂದ. ಡಾಕ್ಟರು ಪೆನ್ನಿನ ಮುಚ್ಚಳ ಹಾಕಿ, ಮತ್ತೆ ತೆಗೆದು, ಅದನ್ನೂ ಬರೆದರು.

ಜುಲೈ ಕೊನೆಯಲ್ಲಿ ಮೂರನೆಯ ಸಲ ಬಂದಾಗ ಮಗು ಬಾಗಿಲ ಹತ್ತಿರದ ಬೆಂಚಿನ ಮೇಲೆ ಕೂತು ಕಾಲು ಆಡಿಸುತ್ತಿತ್ತು.

“ವಾರ ವಾರ ನಿಮಗೆ ತೊಂದ್ರೆ ಕೊಡಲ್ಲ ಡಾಕ್ಟ್ರೇ. ಒಂದೇ ಸಲ ಮೂರು ತಿಂಗಳಿಗೆ ಬರ್ದುಬಿಡಿ. ಪ್ರೈಮರಿ ಕಾಂಪ್ಲೆಕ್ಸ್ ಅಂತ.”

ಮಕ್ಕಳಿಗೆ ಬರುವ ಕ್ಷಯದ ಮೊದಲ ಹಂತಕ್ಕೆ ಜನ ಹೇಳುತ್ತಿದ್ದ ಹೆಸರು ಅದು. ಆಗಿನ ಕಾಲದಲ್ಲಿ ಆ ಹೆಸರು ಕೇಳಿದರೆ ತಾಯಂದಿರ ಎದೆ ಒಡೆಯುತ್ತಿತ್ತು.

“ಅದು ದೊಡ್ಡ ಮಾತು ಮಾಯಣ್ಣೋರೇ. ಎಕ್ಸ್‌ರೇ ತೆಗೆಸ್ಬೇಕು, ರಕ್ತ ನೋಡ್ಬೇಕು. ಸುಮ್ಸುಮ್ನೆ ಬರೆಯೋಕಾಗಲ್ಲ.”

“ಯಾರು ಕೇಳ್ತಾರೆ? ನಿಮ್ಮ ಸಹಿ ಇದ್ರೆ ಸಾಕು.” ಮಾಯಣ್ಣ ದನಿ ತಗ್ಗಿಸಿದ. “ನಮ್ಮಪ್ಪ ಇದ್ದಿದ್ರೆ ನಾನು ನಿಮ್ಮತ್ರ ಇಷ್ಟು ಹೇಳಿಸ್ಕೋಬೇಕಾಗಿತ್ತಾ?”

ಡಾಕ್ಟರು ಕಾಗದ ಎಳೆದುಕೊಂಡರು. ಬರೆದು ಮುಗಿಸುವ ಹೊತ್ತಿಗೆ ಮಗು ಎದ್ದು ಮೇಜಿನ ಹತ್ತಿರ ಬಂದಿತ್ತು.

“ಡಾಕ್ಟ್ರ ತಾತ, ನಂಗೇನಾಗಿದೆ?”

ಉತ್ತರ ಕೊಟ್ಟವನು ಮಾಯಣ್ಣ. “ಎದೇಲಿ ಕಾಯಿಲೆ ಪುಟ್ಟಿ. ಅದಕ್ಕೇ ಅಮ್ಮನ ಮನೆಗೆ ಹೋಗ್ಬಾರ್ದು. ಹತ್ರ ಹೋದ್ರೆ ಅಮ್ಮಂಗೂ ಅಂಟ್ಕೊಳ್ಳುತ್ತೆ.”

ಮಂಗಳಾ ಅಪ್ಪನ ಮುಖ ನೋಡಲಿಲ್ಲ. ಹೌದೋ ಅಲ್ಲವೋ ಎಂದು ತಿಳಿಯಲು ಡಾಕ್ಟರ ಮುಖ ನೋಡಿದಳು. ಶ್ರೀನಿವಾಸಯ್ಯನವರು ಹಿಂದಕ್ಕೆ ತಿರುಗಿ ಬೀರುವಿನಿಂದ ವಿಟಮಿನ್ ಟಾನಿಕ್ಕಿನ ಬಾಟಲಿ ತೆಗೆದರು. “ದಿನಕ್ಕೆ ಎರಡು ಚಮಚ” ಎಂದರು. ನಿಜವಾಗಿ ಆ ಕಾಯಿಲೆ ಇದ್ದಿದ್ದರೂ ಅಷ್ಟು ಚಿಕ್ಕ ಮಗುವಿನಿಂದ ದೊಡ್ಡವರಿಗೆ ಅಂಟುವುದು ಅಪರೂಪ ಎಂದು ಅವರಿಗೆ ಗೊತ್ತಿತ್ತು. ಅದನ್ನೂ ಹೇಳಲಿಲ್ಲ.

ಹತ್ತು ದಿನದ ಮೇಲೆ ಗೋದಾ ಷಾಪಿಗೆ ಬಂದಳು. ಜಗಳಕ್ಕೆ ಬಂದಿರಬಹುದೆಂದು ಡಾಕ್ಟರು ಮೈ ಬಿಗಿಮಾಡಿಕೊಂಡರು. ಅವಳು ಸರದಿಯಲ್ಲಿ ಒಂದು ಗಂಟೆ ಕೂತು, ತನ್ನ ಪಾಳಿ ಬಂದಾಗ ಒಳಗೆ ಬಂದು ಕೈಮುಗಿದಳು.

“ಸಕಾಲಕ್ಕೆ ಕಂಡುಹಿಡಿದ್ರಿ. ನಿಮ್ಮ ಉಪಕಾರ ಮರೆಯಲ್ಲ” ಎಂದಳು. “ಮೊಟ್ಟೆ ಕೊಡ್ಬಹುದಾ? ಹಾಲು ಎಷ್ಟು ಸಲ? ನಾನು ಮಾಡಿ ಕಳಿಸ್ತೀನಿ, ಅವರು ಕೊಡ್ತಾರೋ ಇಲ್ವೋ.”

“ಕೊಡ್ಬಹುದಮ್ಮ” ಎಂದರು ಡಾಕ್ಟರು.

“ಎಕ್ಸ್‌ರೇ ಒಂದ್ಸಲ ನೋಡ್ಬಹುದಾ?”

“ಅದು… ಮಾಯಣ್ಣೋರ ಹತ್ರ ಇದೆ.”

ಅವಳು ಹೊರಡಲಿಲ್ಲ. “ಮಕ್ಕಳಿಗೆ ಇದು ಮನೇಲಿರೋ ದೊಡ್ಡವರಿಂದಲೇ ಬರೋದು ಅಂತಾರಲ್ಲ ಡಾಕ್ಟ್ರೇ, ಹೌದಾ?”

“ಸಾಮಾನ್ಯವಾಗಿ ಹಾಗೇ.”

“ಹಂಗಾದ್ರೆ ನನ್ನಿಂದಲೇ ಬಂದಿರ್ಬಹುದು” ಎಂದು ಅವಳು ತನಗೆ ತಾನೇ ಹೇಳಿಕೊಂಡಂತೆ ಹೇಳಿ ಹೊರಟುಹೋದಳು. ಕರೆದು ನಿಲ್ಲಿಸಬೇಕೆಂದು ಡಾಕ್ಟರು ಕುರ್ಚಿಯಿಂದ ಅರ್ಧ ಎದ್ದರು. ಅಷ್ಟರಲ್ಲಿ ಮುಂದಿನ ರೋಗಿ ಒಳಗೆ ಬಂದಿದ್ದ. ಮತ್ತೆ ಕೂತರು.

ಅಂದಿನಿಂದ ಅವರಿಗೆ ಊಟ ಸೇರದಾಯಿತು. ಭಾನುವಾರ ಬಂದರೆ ಹತ್ತು ಗಂಟೆ ಹೊಡೆಯುವುದನ್ನೇ ಕೇಳುತ್ತಾ ಕೂರುವರು. ಹೆಂಡತಿ ಸಿದ್ದಮ್ಮ ಕೇಳಿದರೆ ಅಜೀರ್ಣ ಎನ್ನುವರು.

ಗೋದಾಳ ವಕೀಲರು ಚಂದ್ರಶೇಖರಯ್ಯ. ಮೆತ್ತಗೆ ಮಾತಾಡುವ ಮುದುಕರು. ಅವರು ಮಂಗಳಾಳ ಶಾಲೆಗೆ ಹೋಗಿ ಹಾಜರಿ ಪುಸ್ತಕ ನೋಡಿದರು. ಕ್ಷಯವೆಂದು ತಾಯಿಯನ್ನೇ ನೋಡದ ಮಗು ಆ ಮೂರು ತಿಂಗಳಲ್ಲಿ ಒಂದು ದಿನವೂ ಶಾಲೆ ತಪ್ಪಿಸಿರಲಿಲ್ಲ. ಅಷ್ಟು ಸಾಕಾಯಿತು. ಕೋರ್ಟಿನ ಆದೇಶವನ್ನು ಬೇಕೆಂದೇ ಮುರಿದಿದ್ದಾನೆ, ಇದು ನ್ಯಾಯಾಂಗ ನಿಂದನೆ ಎಂದು ಮಾಯಣ್ಣನ ಮೇಲೆ ಹೈಕೋರ್ಟಿನಲ್ಲಿ ಅರ್ಜಿ ಹಾಕಿದರು. ಮಾಯಣ್ಣ ತನ್ನ ಉತ್ತರದ ಜೊತೆ ಮೂರು ಸರ್ಟಿಫಿಕೇಟುಗಳನ್ನೂ ಲಗತ್ತಿಸಿದ. ಬರೆದುಕೊಟ್ಟ ಡಾಕ್ಟರು ಎಕ್ಸ್‌ರೇ ಸಮೇತ ಖುದ್ದು ಹಾಜರಾಗಬೇಕು ಎಂದು ಕೋರ್ಟು ಹೇಳಿತು.

ಸಮನ್ಸು ಬಂದ ಮಧ್ಯಾಹ್ನವೇ ಮಾಯಣ್ಣನೂ ಬಂದ. “ಎಕ್ಸ್‌ರೇ ನಾನು ಹೊಂದಿಸ್ತೀನಿ. ಯಾವುದೋ ಮಗುದು ಇರುತ್ತಲ್ಲ. ನೀವು ಇದೇ ಅಂತ ಅಂದ್ರೆ ಮುಗೀತು” ಎಂದು ಹೇಳಿ, ಉತ್ತರಕ್ಕೂ ಕಾಯದೆ ಹೋದ.

ಸಿದ್ದಮ್ಮ ಒಳಬಾಗಿಲಲ್ಲಿ ನಿಂತು ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಎದುರಿಗೆ ಸ್ಟೂಲು ಎಳೆದುಕೊಂಡು ಕೂತರು.

“ಆ ಮಗುಗೆ ಕಾಯಿಲೆ ಇದ್ಯೇನ್ರೀ?”

“ಇಲ್ಲ.”

“ಹಂಗಂತ ಹೇಳಿ.”

“ದೊಡ್ಡಬೈರಪ್ಪನೋರ ಋಣ ಸಿದ್ದೂ. ಯಾರೂ ಹೊಸ್ತಿಲು ತುಳಿಸದೇ ಇದ್ದಾಗ…”

“ಅವ್ರು ಜಾಗ ಕೊಟ್ಟಿದ್ದು ಜನಕ್ಕೆ ಔಷಧಿ ಕೊಡ್ಲಿ ಅಂತ” ಎಂದರು ಸಿದ್ದಮ್ಮ. “ಇದನ್ನ ಬರ್ಕೊಡ್ಲಿ ಅಂತಲ್ಲ.” ಅಷ್ಟು ಹೇಳಿ ಒಳಗೆ ಹೋದರು. ಆ ವಾರವೆಲ್ಲ ಮತ್ತೆ ಆ ಮಾತು ಎತ್ತಲಿಲ್ಲ.

ನವೆಂಬರಿನ ಒಂದು ಬುಧವಾರ ಕಬ್ಬನ್ ಪಾರ್ಕಿನ ಪಕ್ಕದ ಕೆಂಪು ಕಟ್ಟಡದಲ್ಲಿ ಇಬ್ಬರು ನ್ಯಾಯಮೂರ್ತಿಗಳ ಮುಂದೆ ಕೇಸು ಬಂತು. ಮೊದಲು ಚಂದ್ರಶೇಖರಯ್ಯ ಗೋದಾಳ ಅಫಿಡವಿಟ್ಟು ಓದಿದರು. ಮಗುವಿಗೆ ತನ್ನಿಂದಲೇ ಕಾಯಿಲೆ ಬಂತೆಂದು ನಂಬಿ ಅವಳು ತಾನೂ ಎದೆಯ ಪರೀಕ್ಷೆಗೆ ಹೋಗಿದ್ದಳು. ಆ ಸುದ್ದಿ ಶಾಲೆಗೆ ಮುಟ್ಟಿ, ವರದಿ ಬರುವ ತನಕ ಮಕ್ಕಳ ಹತ್ತಿರ ಬರಬೇಡಿ ಎಂದು ಕಳಿಸಿದ್ದರು. ಏನೂ ಇಲ್ಲವೆಂದು ವರದಿ ಬರುವಷ್ಟರಲ್ಲಿ ಅವಳ ಜಾಗಕ್ಕೆ ಬೇರೆಯವರು ಬಂದಿದ್ದರು. ಡಾಕ್ಟರು ಇದನ್ನೆಲ್ಲ ಮೊದಲ ಸಲ ಕೇಳಿದ್ದು ಅಲ್ಲಿಯೇ, ಎಲ್ಲರ ನಡುವೆ ನಿಂತುಕೊಂಡು. ಗೋದಾ ಹಿಂದಿನ ಸಾಲಿನಲ್ಲಿದ್ದಳು. ತಿರುಗಿ ನೋಡುವ ಧೈರ್ಯ ಅವರಿಗೆ ಬರಲಿಲ್ಲ.

ಅವರನ್ನು ಕರೆದಾಗ, ಕನ್ನಡದಲ್ಲಿ ಹೇಳಬಹುದೇ ಎಂದು ಕೇಳಿದರು. ಹಿರಿಯ ನ್ಯಾಯಮೂರ್ತಿಗಳು ತಲೆಯಾಡಿಸಿದರು.

“ಈ ಮೂರನೇ ಸರ್ಟಿಫಿಕೇಟು ನಿಮ್ಮದೇನಾ?”

“ನಂದೇ ಸ್ವಾಮಿ.”

“ಮಗುವಿಗೆ ಈ ಕಾಯಿಲೆ ಇತ್ತೆ?”

“ಇರ್ಲಿಲ್ಲ.”

ಮಾಯಣ್ಣನ ವಕೀಲರು ಎದ್ದು ಏನೋ ಹೇಳಹೊರಟರು. ನ್ಯಾಯಮೂರ್ತಿಗಳು ಕೈ ಸನ್ನೆಯಿಂದ ಕೂರಿಸಿದರು.

“ಎಕ್ಸ್‌ರೇ?”

“ತೆಗೆಸಲೇ ಇಲ್ಲ. ನಂಗೆ ಒಂದು ಎಕ್ಸ್‌ರೇ ಕೊಟ್ಟಿದಾರೆ, ಅದು ಈ ಮಗುದಲ್ಲ.” ಬಗಲಲ್ಲಿದ್ದ ಕಂದು ಲಕೋಟೆಯನ್ನು ಮೇಜಿನ ಮೇಲಿಟ್ಟರು.

“ಬರೆಯುವಾಗ ಕೋರ್ಟಿನ ಆದೇಶ ಇದೆ ಅಂತ ನಿಮಗೆ ಗೊತ್ತಿತ್ತೆ? ಯೋಚಿಸಿ ಹೇಳಿ. ಆದೇಶ ಮುರಿಯೋಕೆ ಗೊತ್ತಿದ್ದೂ ಸಹಾಯ ಮಾಡಿದ್ರೆ ಅದೂ ನಿಂದನೆಯೇ.”

“ಗೊತ್ತಿತ್ತು ಸ್ವಾಮಿ. ಭಾನುವಾರ ಕಳಿಸ್ಬಾರದು ಅಂತಲೇ ಬರೆಸ್ಕೊಂಡ್ರು. ಗೊತ್ತಿದ್ದೇ ಬರೆದೆ.”

ಮಾಯಣ್ಣ ಆ ಮಧ್ಯಾಹ್ನವೇ ಬೇಷರತ್ತಾಗಿ ಕ್ಷಮೆ ಕೇಳಿ ಬರೆದುಕೊಟ್ಟ. ಅವನಿಗೆ ಒಂದು ವಾರದ ಸೆರೆ ವಿಧಿಸಿ, ಇನ್ನು ಮುಂದೆ ಒಂದು ಭಾನುವಾರವೂ ತಪ್ಪದಿದ್ದರೆ ಅದು ಜಾರಿಯಾಗುವುದಿಲ್ಲ ಎಂದರು. ತಪ್ಪಿಹೋದ ಭಾನುವಾರಗಳನ್ನೆಲ್ಲ ಬೇಸಿಗೆ ರಜೆಯಲ್ಲಿ ತಾಯಿಗೆ ತುಂಬಿಕೊಡಬೇಕೆಂದರು. ಡಾಕ್ಟರು ತಾವಾಗಿಯೇ ನಿಜ ಹೇಳಿದ್ದರಿಂದ ಕೋರ್ಟು ಏಳುವವರೆಗೆ ಆವರಣದಲ್ಲಿ ಕೂತಿರುವುದೇ ಅವರಿಗೆ ಶಿಕ್ಷೆ, ಉಳಿದದ್ದನ್ನು ವೈದ್ಯರ ಪರಿಷತ್ತು ನೋಡಿಕೊಳ್ಳಲಿ ಎಂದು ಆದೇಶವಾಯಿತು.

ಅವರು ಗೋಡೆಯ ಪಕ್ಕದ ಬೆಂಚಿನಲ್ಲಿ ಕೂತರು. ಬೇರೆ ಬೇರೆ ಕೇಸುಗಳು ಬಂದು ಹೋದವು. ಸಿದ್ದಮ್ಮ ಬಂದು ಪಕ್ಕದಲ್ಲಿ ಕೂತರು. ಮುಕ್ಕಾಲು ಗಂಟೆಯ ಮೇಲೆ ನಾಲ್ಕು ಹೊಡೆದು, ನ್ಯಾಯಮೂರ್ತಿಗಳು ಎದ್ದು ಒಳಗೆ ಹೋದಾಗ ಜವಾನ ಬಂದು, “ಇನ್ನು ನೀವು ಹೋಗ್ಬಹುದು ಸಾರ್” ಎಂದ.

“ಇಷ್ಟೇನಾ?” ಎಂದರು ಡಾಕ್ಟರು.

“ನಿಮಗೆ ಇನ್ನೂ ಬೇಕಾಗಿತ್ತಾ?” ಸಿದ್ದಮ್ಮ ಕೇಳಿದರು.

“ಹೂಂ” ಎಂದರು.

ಮುಂದಿನ ಸೋಮವಾರ ಗೋದಾ ಮತ್ತೆ ಷಾಪಿಗೆ ಬಂದಳು. ಈ ಸಲ ಸರದಿಗೆ ಕಾಯಲಿಲ್ಲ, ಕೈಯೂ ಮುಗಿಯಲಿಲ್ಲ.

“ನಿನ್ನೆ ಮಂಗಳಾನ್ನ ಕರ್ಕೊಂಡು ಬಂದು ಬಿಟ್ರು. ಹತ್ತರಿಂದ ಐದರ ತನಕ ಜಗಲಿ ಮೂಲೇಲಿ ಕೂತಿದ್ಲು. ಬಾಯಿಗೆ ಕರ್ಚೀಫು ಒತ್ಕೊಂಡು. ನಾನು ಹತ್ರ ಹೋದ್ರೆ ‘ಬೇಡಮ್ಮ, ನಿಂಗೂ ಅಂಟುತ್ತೆ’ ಅಂತ ಓಡಿಹೋಗ್ತಾಳೆ. ಕಾಯಿಲೆ ಇಲ್ಲ ಕಂದ ಅಂದ್ರೆ ನಂಬಲ್ಲ, ಡಾಕ್ಟ್ರ ತಾತ ಔಷಧಿ ಕೊಟ್ಟಿದಾರೆ ಅಂತಾಳೆ.” ಅವಳ ದನಿ ಏರಲಿಲ್ಲ. “ನೀವೇ ಇಟ್ಟಿದ್ದು ಅದು ಅವಳ ತಲೇಲಿ. ನೀವೇ ಬಂದು ತೆಗೀರಿ.”

ಆ ಭಾನುವಾರ ಅವರು ಮೆಜೆಸ್ಟಿಕ್ಕಿನಲ್ಲಿ ಬಸ್ಸು ಬದಲಾಯಿಸಿ ವೈಯಾಲಿಕಾವಲ್‌ಗೆ ಹೋದರು. ಮಂಗಳಾ ಜಗಲಿಯಲ್ಲೇ ಇದ್ದಳು. ಅವರು ಅವಳ ಎದುರು ನೆಲದ ಮೇಲೆ ಕೂತರು.

“ಪುಟ್ಟಿ, ನಿಂಗೆ ಯಾವ ಕಾಯಿಲೇನೂ ಇಲ್ಲ. ಯಾವತ್ತೂ ಇರ್ಲಿಲ್ಲ.”

“ಮತ್ತೆ ಔಷಧಿ ಯಾಕೆ ಕೊಟ್ರಿ?”

“ಅದು ಬರೀ ಟಾನಿಕ್ಕು. ನಾನು ಸುಳ್ಳು ಹೇಳಿದೆ.”

ಹುಡುಗಿ ತಲೆ ಅಲ್ಲಾಡಿಸಿದಳು. “ದೊಡ್ಡೋರು ಕಾಯಿಲೆ ಇರೋ ಮಕ್ಕಳಿಗೇ ಹೀಗೆ ಹೇಳೋದು. ನಮ್ಮ ಕ್ಲಾಸ್ ಗುರುಬಸಮ್ಮಂಗೂ ಹಂಗೇ ಹೇಳಿದ್ರು. ಆಮೇಲೆ ಅವಳು ಸ್ಕೂಲಿಗೆ ಬರಲೇ ಇಲ್ಲ.”

ಇಪ್ಪತ್ತಾರು ವರ್ಷ ಜನ ಅವರ ಮಾತನ್ನು ನಂಬಿದ್ದರು, ಸುಳ್ಳನ್ನೂ ನಂಬಿದ್ದರು. ಈಗ ನಿಜವನ್ನು ನಂಬಿಸಲು ಆಗುತ್ತಿರಲಿಲ್ಲ. ಅವಳ ಪಕ್ಕದಲ್ಲಿ ಅರ್ಧ ಕುಡಿದಿಟ್ಟ ಹಾಲಿನ ಲೋಟವಿತ್ತು. ಅದನ್ನು ಎತ್ತಿಕೊಂಡು, ಅವಳು ಬಾಯಿ ಹಚ್ಚಿದ್ದ ಜಾಗಕ್ಕೇ ಬಾಯಿ ಹಚ್ಚಿ, ಉಳಿದ ಹಾಲನ್ನೆಲ್ಲ ಕುಡಿದರು.

ಮಂಗಳಾ ಗಾಬರಿಯಿಂದ ನೋಡಿದಳು. “ನಿಮಗೆ ಕೆಮ್ಮು ಬರುತ್ತೆ.”

“ಬರಲ್ಲ. ಬಂದಿದ್ಯೋ ಇಲ್ವೋ ನೋಡು, ಮುಂದಿನ ಭಾನುವಾರ ಮತ್ತೆ ಬರ್ತೀನಿ.”

ಬಂದರು. ಅವಳು ಬಾಗಿಲಲ್ಲೇ ನಿಲ್ಲಿಸಿ ಉಸಿರು ಎಳೆಯಲು ಹೇಳಿದಳು, ಕೊರಳಲ್ಲಿದ್ದ ಸ್ಟೆತಾಸ್ಕೋಪನ್ನು ಕಿವಿಗಿಟ್ಟುಕೊಂಡು ಅವರ ಎದೆ ಕೇಳಿದಳು. ಮತ್ತೆ ಅರ್ಧ ಲೋಟ ಹಾಲು ಕುಡಿದು ಕೊಟ್ಟಳು. ಹೀಗೆ ಐದು ಭಾನುವಾರ ನಡೆಯಿತು. ಗೋದಾ ಒಂದು ದಿನವೂ ಅವರನ್ನು ಒಳಗೆ ಕರೆಯಲಿಲ್ಲ, ನೀರು ಬೇಕೇ ಎಂದೂ ಕೇಳಲಿಲ್ಲ. ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು, ಅಷ್ಟೇ.

ಆರನೆಯ ಭಾನುವಾರ ಅವರು ಹೋದಾಗ ಗೋದಾ ಜಗಲಿಯಲ್ಲಿ ಕೂತು ಮಗಳ ತಲೆ ಬಾಚುತ್ತಿದ್ದಳು. ಸಿಕ್ಕು ಎಳೆದಾಗ ಮಂಗಳಾ “ಅಯ್ಯೋ ನೋಯುತ್ತಮ್ಮಾ” ಎಂದು ತಾಯಿಯ ತೊಡೆಯ ಮೇಲೆ ಮುಖ ಒರಗಿಸಿದಳು. ಒರಗಿಸಿದ್ದು ಅವಳಿಗೇ ಗೊತ್ತಾದ ಹಾಗೆ ಕಾಣಲಿಲ್ಲ. ಗೋದಾ ಬಾಚಣಿಗೆ ಹಿಡಿದ ಕೈಯನ್ನು ಅಲ್ಲಾಡಿಸದೆ ಹಾಗೆಯೇ ಕೂತಳು. ಡಾಕ್ಟರು ಗೇಟಿನ ಹೊರಗೇ ನಿಂತರು. ಸ್ವಲ್ಪ ಹೊತ್ತಿನ ಮೇಲೆ ಅವಳು ತಲೆಯೆತ್ತಿ, “ಇನ್ನು ನೀವು ಬರೋದು ಬೇಡ” ಎಂದಳು. ಸಿಟ್ಟಿನಿಂದ ಹೇಳಿದ್ದೋ ಬಿಡುಗಡೆ ಕೊಟ್ಟದ್ದೋ, ಅವರಿಗೆ ಎಂದೂ ತಿಳಿಯಲಿಲ್ಲ.

ಪರಿಷತ್ತು ಆರು ತಿಂಗಳು ಅವರ ಹೆಸರನ್ನು ಪಟ್ಟಿಯಿಂದ ತೆಗೆಯಿತು. ಮಾಯಣ್ಣ ಷಾಪು ಖಾಲಿಮಾಡಿ ಎನ್ನಲಿಲ್ಲ. ಅವರೇ ಬೀಗದ ಕೈಯನ್ನು ಕಳಿಸಿಕೊಟ್ಟು, ಅವಧಿ ಮುಗಿದ ಮೇಲೆ ಗವಿಪುರದಲ್ಲಿ ಒಂದು ಸಣ್ಣ ಕೋಣೆ ಹಿಡಿದರು. ಹಳೆಯ ರೋಗಿಗಳು ಅಲ್ಲಿಗೂ ಬಂದರು. ಸರ್ಟಿಫಿಕೇಟು ಕೇಳಿದರೆ ನಿಜವಾದ ಜ್ವರಕ್ಕೆ ಮಾತ್ರ ಬರೆಯುತ್ತಿದ್ದರು. ಬರೆದದ್ದನ್ನು ರೋಗಿಗೆ ಗಟ್ಟಿಯಾಗಿ ಓದಿ ಹೇಳಿ, ಆಮೇಲೆ ಸಹಿ ಮಾಡುತ್ತಿದ್ದರು. ಮಕ್ಕಳು ಬಂದರೆ ಏನಾಗಿದೆ ಎಂದು ಅಪ್ಪ ಅಮ್ಮಂದಿರಿಗಿಂತ ಮೊದಲು ಮಗುವಿಗೇ ಹೇಳುತ್ತಿದ್ದರು. ೧೯೮೧ರಲ್ಲಿ ಮಂಗಳಾ ತಾಯಿಯ ಹತ್ತಿರವೇ ಇರಬೇಕೆಂದು ತೀರ್ಪಾಯಿತು ಎಂಬುದು ಯಾರಿಂದಲೋ ಕಿವಿಗೆ ಬಿತ್ತು.

೧೯೮೫ರ ಮಾರ್ಚಿನಲ್ಲಿ ಮಾಯಣ್ಣ ಗವಿಪುರದ ಕೋಣೆಗೆ ಬಂದ. ಕೂದಲು ನರೆತಿತ್ತು. ಒಳಗೆ ಬರದೆ ಹೊಸ್ತಿಲ ಆಚೆಯೇ ನಿಂತ.

“ಅವ್ವಂಗೆ ಹುಷಾರಿಲ್ಲ. ಊರಿಂದ ಕರ್ಕೊಂಡ್ಬಂದಿದೀನಿ. ಬೇರೆ ಡಾಕ್ಟ್ರ ಔಷಧಿ ಮುಟ್ಟಲ್ಲ ಅಂತಾಳೆ.”

ಇಬ್ಬರೂ ಆಟೋದಲ್ಲಿ ಹೊರಟರು. ಮಾಯಣ್ಣ ಹೊರಗೆ ನೋಡುತ್ತಲೇ, “ಆವತ್ತು ತುಂಬಿದ ಕೋರ್ಟಲ್ಲಿ ನನ್ನ ಮರ್ಯಾದೆ ತೆಗೆದ್ರಿ” ಎಂದ.

“ತೆಗೆದೆ. ಮೂರು ತಿಂಗಳು ಮುಂಚೇನೇ, ನನ್ನ ಷಾಪಲ್ಲೇ ತೆಗೀಬೇಕಾಗಿತ್ತು. ಆಗ ಆ ಮಗುಗಾದ್ರೂ ನೋವು ತಪ್ತಿತ್ತು.”

ಮಾಯಣ್ಣ ಆಟೋದವನಿಗೆ ಮನೆಯ ದಾರಿ ಹೇಳತೊಡಗಿದ.

ತಿಮ್ಮಕ್ಕ ಗೋಡೆಗೆ ಒರಗಿ ಕೂತಿದ್ದರು. ಎಂಬತ್ತರ ಹತ್ತಿರದ ವಯಸ್ಸು, ಕಡ್ಡಿಯಂತಾದ ಕೈ. ಡಾಕ್ಟರು ನಾಡಿ ಹಿಡಿದು, ಕಣ್ಣು ನೋಡಿ, “ರಕ್ತ ಕಮ್ಮಿ ಇದೆ. ಊಟ ಸರಿಯಾಗಿ ಮಾಡ್ತಾ ಇಲ್ವಾ ಅವ್ವ?” ಎಂದು ಕೇಳಿದರು.

“ಮಂಗಳವಾರ, ಶುಕ್ರವಾರ ಒಪ್ಪೊತ್ತು ಕಣಪ್ಪ, ರಾತ್ರಿ ಊಟ ಇಲ್ಲ. ಮೊಮ್ಮಗಳಿಗೆ ವಾಸಿಯಾಗ್ಲಿ ಅಂತ ಹರಕೆ ಹೇಳ್ಕೊಂಡಿದ್ದೆ. ಎದೆ ಕಾಯಿಲೆ ಅಂತ ನೀನೇ ಕಂಡುಹಿಡ್ದೆಯಂತಲ್ಲ. ಅದಕ್ಕೇ ತಾಯಿ ಹತ್ರ ಬಿಟ್ರಂತೆ. ವಾಸಿಯಾಯ್ತಾ ಅದಕ್ಕೆ? ನಂಗ್ಯಾರೂ ಹೇಳೋರಿಲ್ಲ.”

ಡಾಕ್ಟರು ಬಾಗಿಲ ಕಡೆ ನೋಡಿದರು. ಮಾಯಣ್ಣ ಅಲ್ಲಿರಲಿಲ್ಲ. ಏಳು ವರ್ಷ ಈ ಮುದುಕಿಯ ನೆನಪೇ ಅವರಿಗೆ ಬಂದಿರಲಿಲ್ಲ. ವಾಸಿಯಾಯಿತು ಎಂದರೆ ಸಾಕಿತ್ತು, ತಿಮ್ಮಕ್ಕ ಸಂತೋಷದಿಂದ ಮಲಗುತ್ತಿದ್ದರು.

“ಅವ್ವ, ಆ ಮಗುಗೆ ಕಾಯಿಲೇನೇ ಇರ್ಲಿಲ್ಲ. ನಾನು ಸುಳ್ಳು ಬರ್ದಿದ್ದೆ. ತಾಯಿ ಹತ್ರ ಕಳಿಸ್ದೇ ಇರೋಕೆ.”

ತಿಮ್ಮಕ್ಕ ಕೈಯನ್ನು ಅವರ ಹಿಡಿತದಿಂದ ಬಿಡಿಸಿಕೊಂಡು ಮಡಿಲಲ್ಲಿಟ್ಟುಕೊಂಡರು.

“ಮಗು ಚೆನ್ನಾಗಿದ್ಯಾ?”

“ಚೆನ್ನಾಗಿದೆ. ಕೋರ್ಟಲ್ಲಿ ತಾಯಿಗೇ ಕೊಟ್ರು.”

“ಇವತ್ತು ಯಾವ ವಾರ?”

“ಮಂಗಳವಾರ ಅವ್ವ.”

“ಹಂಗಾದ್ರೆ ಒಳಗೆ ಹೇಳು” ಎಂದರು ತಿಮ್ಮಕ್ಕ, “ಸಂಜೆ ನಂಗೂ ಒಂದು ಮುದ್ದೆ ಕಟ್ಟಲಿ.”